ಮೆಟ್ರಿಯ ವೀಳ್ಯ

ನನಗೆ ಡಿಗ್ರಿ ಆಗುವುದಿಲ್ಲ ಎಂದು ಮೊದಲು ಹೇಳಿದವರು ನನ್ನ ಸೋದರಮಾವ, ಅವ್ವನ ಅಣ್ಣ. ನಾಟಕಗಳಿಗೆ ಹಾರ್ಮೋನಿಯಂ ಬಾರಿಸುವವರು. ನಮ್ಮ ಕಡೆ ಅಂಥವರಿಗೆ ಪೇಟಿ ಮಾಸ್ತರ ಎನ್ನುತ್ತಾರೆ. ಅವತ್ತು ಹೊಸಪೇಟೆಯ ನಮ್ಮ ಮನೆಯ ಕಟ್ಟೆಯ ಮೇಲೆ ಪೇಟಿಯ ಹೊಟ್ಟೆ ಬಿಚ್ಚಿಟ್ಟುಕೊಂಡು ರಿಪೇರಿಗೆ ಕೂತಿದ್ದರು. ನಾನು ದೂರಶಿಕ್ಷಣಕ್ಕೆ ಹೆಸರು ಹಚ್ಚಿ ಬಂದೆ ಎಂದಾಗ ತಲೆ ಎತ್ತದೆ ಹೇಳಿದರು:

“ಬಣ್ಣದ ಮಂದಿಗೆ ಮುಂಜಾನೆ ಅನ್ನೋದು ಇಲ್ಲವ್ವ. ಪರೀಕ್ಷೆ ಎಲ್ಲಾ ಮುಂಜಾನೆ ಇರ್ತಾವು. ನಿನ್ನಿಂದ ಆಗಂಗಿಲ್ಲ.”

ಅದರಲ್ಲಿ ಬೈಗುಳ ಇರಲಿಲ್ಲ. ಕಂಪ್ಲಿ ಬಸ್ಸು ಹೋಯಿತು ಎಂದು ಹೇಳುವ ಹಾಗೆ ಹೇಳಿದರು. ಅದಕ್ಕೇ ನನಗೆ ಹೆಚ್ಚು ಸಿಟ್ಟು ಬಂತು.

ಒಳಗಿನಿಂದ ಅವ್ವ ಕೂಗಿದಳು. “ಆಕಿ ಕಟ್ಟಲಿ ಬಿಡೋ ಅಣ್ಣಾ. ಆದ್ರ ಆಗಲಿ, ಇಲ್ಲಾಂದ್ರ ಇಲ್ಲ. ನಿನ್ನ ಪೇಟಿ ನೀ ನೋಡ್ಕೊ, ಅದು ಉಬ್ಬಸದವರ ಹಂಗ ಕೆಮ್ಮಾಕ ಹತ್ತೇತಿ.”

ನಮ್ಮ ಮನೆತನದಲ್ಲಿ ಎಸ್ಸೆಸ್ಸೆಲ್ಸಿ ಪಾಸಾದವಳು ನಾನೇ ಮೊದಲು. ಅಪ್ಪ ತುಂಗಭದ್ರಾ ಡ್ಯಾಂನಲ್ಲಿ ಕಾಲುವೆ ಕೆಲಸದಲ್ಲಿದ್ದರು, ನಾನು ಇನ್ನೂ ಲಂಗ ಹಾಕುತ್ತಿದ್ದ ಕಾಲಕ್ಕೇ ತೀರಿಹೋದರು. ಆಮೇಲೆ ಮನೆ ನಡೆದದ್ದು ಅವ್ವನ ನಾಟಕದಿಂದ. ಅವ್ವನಿಗೆ ಅಕ್ಷರ ಬರುವುದಿಲ್ಲ. ಅವಳು ಅಕ್ಕಿ ಆರಿಸುತ್ತ ಕೂತಿರುತ್ತಿದ್ದಳು, ನಾನು ಎದುರಿಗೆ ಕೂತು ನಾಟಕದ ಪುಸ್ತಕ ಓದಿ ಹೇಳುತ್ತಿದ್ದೆ. ಗೌಡನ ಮಾತು, ಸೊಸೆಯ ಮಾತು, ಕುಡುಕನ ಮಾತು, ಎಲ್ಲವೂ ನಾನೇ. ಗೌಡನ ಮಾತನ್ನು ಸೊಸೆಯ ದನಿಯಲ್ಲಿ ಓದಿದರೆ ಅವ್ವ ಅಕ್ಕಿಯಲ್ಲಿ ಸಿಕ್ಕ ಒಂದು ಹರಳು ಎತ್ತಿ ನನ್ನ ಮೇಲೆ ಎಸೆಯುತ್ತಿದ್ದಳು. ನಾನು ಓದು ಕಲಿತದ್ದೂ ಪಾತ್ರ ಕಲಿತದ್ದೂ ಹೀಗೆ, ಎರಡೂ ಒಟ್ಟಿಗೆ.

ಹಳ್ಳಿ ನಾಟಕ ನೋಡದವರಿಗೆ ನಮ್ಮ ಕೆಲಸವನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಊರಿನ ಹುಡುಗರು ಸೇರಿ ಒಂದು ನಾಟಕ ಹಿಡಿಯುತ್ತಾರೆ. ಟ್ರ್ಯಾಕ್ಟರ್ ಓಡಿಸುವವನು ಹೀರೋ, ಕಿರಾಣಿ ಅಂಗಡಿಯವನು ವಿಲನ್. ತಿಂಗಳುಗಟ್ಟಲೆ ಗುಡಿ ಕಟ್ಟೆಯ ಮೇಲೆ ತಾಲೀಮು ನಡೆಯುತ್ತದೆ, ನಾಟಕ ಒಂದೇ ರಾತ್ರಿ, ಬೆಳಗಾಗುವವರೆಗೆ. ಹೆಣ್ಣು ಪಾತ್ರಕ್ಕೆ ಮಾತ್ರ ನಮ್ಮಂಥವರನ್ನು ಹೊರಗಿನಿಂದ ಕರೆಸುತ್ತಾರೆ. ನಾವು ಹೋಗುವುದು ನಾಟಕದ ದಿನ ಸಂಜೆ. ಅಲ್ಲಿಯವರೆಗೆ ತಾಲೀಮಿನಲ್ಲಿ ನಾಯಕಿಯ ಮಾತನ್ನು ಪೇಟಿ ಮಾಸ್ತರರೇ ಹೇಳಿರುತ್ತಾರೆ. ನಮ್ಮ ಮಾವನಿಗೆ ದಪ್ಪ ಮೀಸೆ. ಆ ಮೀಸೆಯನ್ನು ನೋಡುತ್ತ “ಪ್ರಿಯೆ” ಎಂದು ಹೇಳಿ ಹೇಳಿ ರೂಢಿಯಾದ ಹುಡುಗ, ನಾಟಕದ ದಿನ ನಿಜವಾದ ಹೆಂಗಸೊಬ್ಬಳು ಜರಿ ಸೀರೆ ಉಟ್ಟು ಎದುರು ನಿಂತಾಗ ಬೆವೆತುಹೋಗುತ್ತಾನೆ. ಎಲ್ಲ ಮರೆಯುತ್ತಾನೆ.

ಆಗ ಅವನನ್ನು ದಡ ಮುಟ್ಟಿಸುವುದು ನಾಯಕಿಯ ಕೆಲಸ. ನನ್ನನ್ನು ಮೊದಲ ಸಲ ಸ್ಟೇಜಿಗೆ ಹತ್ತಿಸಿದಾಗ ಅವ್ವ ಕಿವಿಯಲ್ಲಿ ಹೇಳಿದ್ದು ಇಷ್ಟೇ: “ನಿನ್ನ ಮಾತು ಮರೆತರ ನಡೀತೈತಿ. ಅವನ ಮಾತು ಮರೀಬ್ಯಾಡ.”

ಅದು ಕಂಪ್ಲಿಯಲ್ಲಿ. ನಾಯಕಿಯಾಗಿ ಬರಬೇಕಿದ್ದವಳಿಗೆ ಜ್ವರ ಬಂದಿತ್ತು, ನಾನು ಅವ್ವನ ಜೊತೆ ಸುಮ್ಮನೆ ಹೋಗಿದ್ದೆ. ಪಿಯುಸಿ ಓದುತ್ತಿದ್ದೆ. ನಾಟಕ ಬಾಯಿಪಾಠ ಇತ್ತು, ಅವ್ವನಿಗೆ ಓದಿ ಹೇಳಿದವಳು ನಾನೇ ತಾನೆ. ಆ ವರ್ಷದಿಂದ ಕಾಲೇಜು ನಿಂತಿತು, ಬಣ್ಣ ಹತ್ತಿತು. ಪಿಯುಸಿಯನ್ನು ಮಾತ್ರ ಹಟ ಹಿಡಿದು ಹೊರಗಿನಿಂದ ಕಟ್ಟಿ ಮುಗಿಸಿದೆ.

ಮಲಪನಗುಡಿಯ ಒಬ್ಬ ಹೀರೋ ನನಗೆ ಇವತ್ತಿಗೂ ನೆನಪಿದ್ದಾನೆ. ತಂಗಿಯ ಮದುವೆಗಾಗಿ ಹೊಲ ಮಾರುತ್ತೇನೆ ಎಂದು ಅವನು ಉದ್ದದ ಮಾತು ಹೇಳಬೇಕಿತ್ತು. ಬಾಯಿಯೇ ಬಿಡಲಿಲ್ಲ. ನಾನು ಕೇಳಿದೆ: “ಯಾಕೆ ಸುಮ್ಮನೆ ನಿಂತಿರಿ? ಹೊಲ ಮಾರಲು ಹೊರಟಿದ್ದೀರಿ, ಹೌದಲ್ಲವೆ?”

“ಹೌದು.”

“ತಂಗಿಯ ಮದುವೆಗಾಗಿ ತಾನೆ?”

“ಹೌದು.”

“ನನಗೆ ಹೇಳಿದರೆ ಬೇಡ ಎನ್ನುತ್ತೇನೆಂದು ಮುಚ್ಚಿಟ್ಟಿರಾ?”

“ಹೌದು.”

ಹೌದು ಎನ್ನುತ್ತಲೇ ಇಡೀ ದೃಶ್ಯ ಮುಗಿಸಿದ. ಮರುದಿನ ಊರವರು, “ಹೀರೋ ಭಾಳ ಗಂಭೀರ ಮಾಡ್ಯಾನ” ಎಂದು ಹೊಗಳಿದರು. ಮಾವ ಬಸ್ಸಿನಲ್ಲಿ ಬರುವಾಗ ನಕ್ಕು ನಕ್ಕು ಪೇಟಿಯ ಮೇಲೆ ತಲೆ ಇಟ್ಟುಬಿಟ್ಟರು.

ಹಾಗೆ ವರ್ಷಗಳು ಹೋದವು. ಒಂದೇ ವಾರದಲ್ಲಿ ಕಂಪ್ಲಿ ಕಡೆ ಬಡ ಸೊಸೆ, ಸಂಡೂರು ಕಡೆ ಕ್ರೂರ ಅತ್ತೆ, ಇನ್ನೊಂದೂರಿನಲ್ಲಿ ಕಾಮಿಡಿ. ಕಾಮಿಡಿ ನನಗೆ ಎಲ್ಲಕ್ಕಿಂತ ಇಷ್ಟ, ಅದರಲ್ಲಿ ಅಳಬೇಕಿಲ್ಲ. ಒಮ್ಮೆ ಹಾಸ್ಯದ ಹುಡುಗನಿಗೆ ಗಂಟಲು ಕೂತಾಗ ಅವನ ಪ್ಯಾಂಟು ಹಾಕಿಕೊಂಡು ಅವನ ಪಾತ್ರವನ್ನೂ ಮಾಡಿದ್ದೇನೆ. ಅವ್ವನ ಮೊಣಕಾಲು ಕೈಕೊಟ್ಟದ್ದು, ಮುಂದಿನ ಹಲ್ಲೊಂದು ಬಿದ್ದದ್ದು ಇದೇ ಕಾಲದಲ್ಲಿ. ಅವಳು ಮನೆಯಲ್ಲಿ ಉಳಿದಳು. ಬೇಸರವಾಯಿತೇ ಎಂದು ಕೇಳಿದರೆ, “ನಂಗ ಎದರ ಬ್ಯಾಸರ? ಮಲಗಾಕ ಸಿಕ್ಕರ ಸಾಕಾಗೇತಿ” ಎನ್ನುತ್ತಿದ್ದಳು. ಆದರೆ ನಾನು ಊರಿಂದ ಬಂದ ಕೂಡಲೇ ಎದ್ದು ಕೂತು, ಯಾವ ದೃಶ್ಯಕ್ಕೆ ಮಂದಿ ಅತ್ತರು, ಯಾವುದಕ್ಕೆ ಸಿಳ್ಳೆ ಬಂತು ಎಂದು ಚಹಾ ಆರುವವರೆಗೂ ಕೇಳುತ್ತಿದ್ದಳು.

ಸಿನಿಮಾಕ್ಕೆ ಕರೆ ಬಂದದ್ದು ಹಂಪಿಯಲ್ಲಿ ಶೂಟಿಂಗ್ ಇದ್ದಾಗ. ಹತ್ತಿರದ ಊರಿನ, ಮಾತು ಬಲ್ಲ ಹೆಂಗಸು ಬೇಕಾಗಿತ್ತು ಅವರಿಗೆ. ಬಂಡೆಯ ನೆರಳಿನಲ್ಲಿ ಕೂತು, ಊರು ಬಿಟ್ಟು ಹೊರಟ ಮಗಳಿಗೆ ಅವಳ ತಾಯಿ ಒಂದು ಮಾತು ಹೇಳಬೇಕು, ಅಷ್ಟೇ. ನಮ್ಮ ಹಳ್ಳಿ ಸ್ಟೇಜಿನಲ್ಲಿ ಮೈಕುಗಳು ಮೇಲಿಂದ ಹಗ್ಗಕ್ಕೆ ಜೋತಾಡುತ್ತಿರುತ್ತವೆ. ಮಾತಾಡುವವರು ಮೈಕಿನ ಕೆಳಗೆ ಹೋಗಿ, ಮುಖ ಎತ್ತಿ ಮಾತಾಡಬೇಕು. ಗಂಡ ಸತ್ತ ಸುದ್ದಿ ಬಂದರೂ ಮೊದಲು ಮೈಕಿನ ಕೆಳಗೆ ಹೋಗಿಯೇ ಅಳಬೇಕು. ಹಂಪಿಯಲ್ಲಿ ಒಬ್ಬ ಹುಡುಗ ಉದ್ದ ಕೋಲಿಗೆ ಮೈಕು ಕಟ್ಟಿ ಮೇಲೆ ಹಿಡಿದಿದ್ದ. ನನ್ನ ಕಣ್ಣಿಗೆ ಅದೊಂದೇ ಕಂಡಿತು. ಕೂತವಳು ಎದ್ದೆ, ಅದರ ಕೆಳಗೆ ಹೋದೆ, ಮುಖ ಎತ್ತಿ ಆ ಮಾತನ್ನು ಹೊಳೆಯ ಆಚೆಯವರಿಗೂ ಕೇಳುವ ಹಾಗೆ ಹೇಳಿದೆ. ಹುಡುಗ ಗಾಬರಿಯಾಗಿ ಮೈಕನ್ನು ಮೇಲೆತ್ತಿದ. ನಾನು ದನಿಯನ್ನು ಇನ್ನೂ ಎತ್ತರಿಸಿದೆ.

ಡೈರೆಕ್ಟರ್ ಟೋಪಿ ತೆಗೆದು ಕೇಳಿದರು: “ಅಮ್ಮಾ, ಮಗಳು ಅಲ್ಲಿ ಕೂತಿದ್ದಾಳೆ. ನೀವು ಯಾರ ಜೊತೆ ಮಾತಾಡ್ತಿದ್ದೀರಿ?”

“ಮೈಕ್ ಜೋಡಿ ಸರ” ಎಂದೆ. ಸುಳ್ಳು ಹೇಳಲು ಹೊಳೆಯಲಿಲ್ಲ.

ಒಳ್ಳೆಯ ಮನುಷ್ಯ, ಓಡಿಸಲಿಲ್ಲ. ಆ ದಿನ ಬಿಸಿಲಿಳಿಯುವವರೆಗೆ ಒಂದೇ ಮಾತು ಕಲಿಸಿದರು. ನಾಟಕದಲ್ಲಿ ಕೊನೆಯ ಸಾಲಿನ ಮುದುಕನಿಗೆ ಕೇಳಿಸಬೇಕು. ಕ್ಯಾಮೆರಾದ ಮುಂದೆ, ಪಕ್ಕದಲ್ಲಿ ಮಲಗಿದ ಕೂಸು ಏಳದ ಹಾಗೆ ಮಾತಾಡಿದರೆ ಸಾಕು. ಅದರಿಂದ ಮುಂದೆ ಸೀರಿಯಲ್ಲಿಗೆ ಹೋದೆ. ಅಲ್ಲಿ ಮಾತನ್ನೂ ನೆನಪಿಡಬೇಕಿಲ್ಲ, ಕ್ಯಾಮೆರಾದ ಹಿಂದೆ ಒಬ್ಬರು ಓದಿ ಹೇಳುತ್ತಾರೆ, ಕೇಳಿಸಿಕೊಂಡು ನಾವು ಹೇಳಬೇಕು. ನನಗೆ ಅದು ಕಿವಿಯಲ್ಲಿ ನೊಣ ಹೊಕ್ಕ ಹಾಗೆ ಆಗುತ್ತಿತ್ತು. ಆದರೂ ಆ ಸೀರಿಯಲ್ಲಿನಿಂದ ಊರ ಹ್ಯಾಂಡ್‌ಬಿಲ್ಲುಗಳಲ್ಲಿ ನನ್ನ ಹೆಸರಿನ ಹಿಂದೆ “ಕಿರುತೆರೆ ನಟಿ” ಎಂದು ಸೇರಿಕೊಂಡಿತು, ಫೋಟೋ ದೊಡ್ಡದಾಯಿತು.

ಡಿಗ್ರಿಯ ಆಸೆ ಬಲವಾದದ್ದು ಸಂಡೂರಿನಲ್ಲಿ. ಅಲ್ಲಿನ ಒಂದು ಶಾಲೆಯಲ್ಲಿ ಮಕ್ಕಳಿಗೆ ನಾಟಕ ಕಲಿಸಲು ಬೇಸಿಗೆಯಲ್ಲಿ ಕರೆದಿದ್ದರು. ಗಣಿ ಲಾರಿ ಓಡಿಸುವವರ ಮಕ್ಕಳು, ಹೊಲದವರ ಮಕ್ಕಳು. ಓದಲು ತಡವರಿಸುವ ಹುಡುಗಿಯೊಬ್ಬಳು ಪಾತ್ರದ ಮಾತೆಂದರೆ ಗಡಗಡ ಓದುತ್ತಿದ್ದಳು. ನಾನು ಅವಳನ್ನು ನೋಡುತ್ತ ನಿಂತುಬಿಡುತ್ತಿದ್ದೆ. ಕೊನೆಯ ದಿನ ಹೆಡ್‌ಮಿಸ್ ಹೇಳಿದರು: “ನಿಮಗೊಂದು ಡಿಗ್ರಿ ಇದ್ದಿದ್ರ ವರ್ಷಪೂರ್ತಿ ಇಟ್ಕೊಂತಿದ್ವಿ ಮೇಡಂ. ಕೈ ಕಟ್ಟೇತಿ.” ಮನೆಗೆ ಬಂದು ಎರಡು ದಿನ ಅದೇ ಮಾತನ್ನು ಮೆಲುಕು ಹಾಕಿದೆ. ಮೂರನೆಯ ದಿನ ಹೋಗಿ ಹೆಸರು ಹಚ್ಚಿ ಬಂದೆ. ಮಾವ ಕಟ್ಟೆಯ ಮೇಲೆ ಕೂತು ಆ ಮಾತು ಹೇಳಿದ್ದು ಆವತ್ತೇ.

ಓದಿದ್ದು ಬಸ್ಸಿನಲ್ಲಿ, ಬಣ್ಣದ ಕೋಣೆಯಲ್ಲಿ, ಶೂಟಿಂಗಿನಲ್ಲಿ ಲೈಟು ಸರಿಪಡಿಸುವ ಹೊತ್ತಿನಲ್ಲಿ. ಕನ್ನಡ ಸುಲಭವಾಯಿತು, ಇತಿಹಾಸ ಆಯಿತು. ಇಂಗ್ಲಿಷ್ ಉಳಿಯಿತು. ಮೊದಲ ಸಲ ಸಂಡೂರಿನಲ್ಲಿ ನಾಟಕ ಮುಗಿಸಿ, ಮೊದಲ ಬಸ್ಸು ಹಿಡಿದು, ಕಿವಿಯ ಹಿಂದಿನ ಬಣ್ಣವನ್ನೂ ಸರಿಯಾಗಿ ಒರೆಸದೆ ಪರೀಕ್ಷೆಗೆ ಕೂತಿದ್ದೆ. ಉತ್ತರ ಪತ್ರಿಕೆಯ ಮೇಲೆಯೇ ನಿದ್ದೆ ಹೋದೆ. ಎಬ್ಬಿಸಿದ ಮೇಷ್ಟ್ರು, “ಹೊರಗ ಹೋಗಿ ಮುಖ ತೊಳ್ಕೊಂಡು ಬರ್ರಿ” ಎಂದರು. ಮುಖ ತೊಳೆದು ಬಂದೆ, ಬರೆಯಲು ಹೊತ್ತು ಉಳಿದಿರಲಿಲ್ಲ. ಎರಡನೆಯ ಸಲ ನಿದ್ದೆ ಇರಲಿಲ್ಲ, ಇಂಗ್ಲಿಷೂ ಇರಲಿಲ್ಲ. ಈಗ ಉಳಿದದ್ದು ಕೊನೆಯ ಅವಕಾಶ. ಇದೂ ಹೋದರೆ ಹೆಸರು ಹಚ್ಚಿದ ಅವಧಿ ಮುಗಿಯುತ್ತದೆ, ಮೊದಲಿನಿಂದ ಶುರು ಮಾಡಬೇಕು. ಮೊದಲಿನಿಂದ ಶುರು ಮಾಡುವ ವಯಸ್ಸು ನನ್ನದಾಗಿರಲಿಲ್ಲ. ಸಂಡೂರಿನ ಹೆಡ್‌ಮಿಸ್ ಕೂಡ ಎಷ್ಟು ದಿನ ಕಾಯುತ್ತಾರೆ?

ಪರೀಕ್ಷೆಯ ದಿನ ನೋಡಿಕೊಂಡೇ ಮೆಟ್ರಿ ಎಂಬ ಊರಿನವರ ವೀಳ್ಯ ಹಿಡಿದಿದ್ದೆ. ನಾಟಕಕ್ಕೆ ಗೊತ್ತು ಮಾಡುವಾಗ ಊರವರು ತಟ್ಟೆಯಲ್ಲಿ ಎಲೆ, ಅಡಿಕೆ, ಮುಂಗಡ ಇಟ್ಟು ಕೊಡುತ್ತಾರೆ. ಅದೇ ವೀಳ್ಯ. ಅದನ್ನು ಹಿಡಿದರೆ ಮುಗಿಯಿತು, ಮನೆಯಲ್ಲಿ ಹೆಣ ಬಿದ್ದರೂ ಹೋಗಬೇಕು. ವೀಳ್ಯ ಹಿಂದಿರುಗಿಸಿದ ಮನೆಯ ಬಾಗಿಲಿಗೆ ಇನ್ನೊಂದು ಊರು ಬರುವುದಿಲ್ಲ. ನಾಟಕಕ್ಕೂ ಪರೀಕ್ಷೆಗೂ ನಡುವೆ ಒಂದು ವಾರ ಇತ್ತು. ಆಮೇಲೆ ಫೋನಿಗೆ ಮೆಸೇಜು ಬಂತು: ಪರೀಕ್ಷೆಯ ದಿನ ಬದಲಾಗಿದೆ. ನೋಡಿದರೆ, ಮೆಟ್ರಿಯ ನಾಟಕ ಮುಗಿಯುವ ಮುಂಜಾನೆಯೇ ಪರೀಕ್ಷೆ.

“ಹೋಗಿ ಬಂದು ಬರೀತೀನಿ” ಎಂದೆ.

“ಹೋದ ಸಲ ಬರದಿಯಲ್ಲ, ಹಂಗ?” ಎಂದರು ಮಾವ.

ನನಗೆ ಅಳು ಬಂತು. ನಾಟಕದಲ್ಲಿ ಅಷ್ಟು ಅತ್ತವಳಿಗೆ ನಿಜವಾದ ಅಳು ಬಂದಾಗ ಎಲ್ಲಿ ನಿಲ್ಲಬೇಕು ಎಂದು ತಿಳಿಯದೆ ಅಡಿಗೆಮನೆಗೆ ಹೋದೆ. ಅವ್ವ ಬೆಳ್ಳುಳ್ಳಿ ಸುಲಿಯುತ್ತಿದ್ದಳು.

“ವೀಳ್ಯ ಯಾರು ಹಿಡಿದ್ರು?” ಎಂದಳು.

“ನಾನs.”

“ಎಲ್ಲಿ ಹಿಡಿದಿ?”

“ಪಡಸಾಲ್ಯಾಗ.”

“ಪಡಸಾಲಿ ಯಾರ್ದು? ವೀಳ್ಯ ಹಿಡಿಯೋದು ಮನಿ. ಈ ಮನಿಯಿಂದ ಒಬ್ರು ಹೋದ್ರ ಆತು. ನಾ ಹೋಗ್ತೀನಿ.”

ಹೊರಗೆ ಮಾವನ ಕೈಯಿಂದ ಏನೋ ಬಿದ್ದ ಸದ್ದಾಯಿತು. “ಲೇ ತಂಗಿ, ತೆಲಿ ಕೆಟ್ಟೈತೇನು? ಅದು ನಾಯಕಿ ಪಾತ್ರ! ಇಪ್ಪತ್ತು ವರ್ಷದ ಹುಡುಗಿ ಅದು!”

“ಇಪ್ಪತ್ತು ಆ ಪಾತ್ರಕ್ಕ. ನನಗ ಇಪ್ಪತ್ತಂತ ನಾ ಎಲ್ಲಿ ಅಂದೆ? ಆ ನಾಟಕ ಈಕಿ ಹುಟ್ಟಾಕಿಂತ ಮೊದಲ ಮಾಡೀನಿ ನಾನು.”

“ನಿನ್ನ ಮೊಣಕಾಲು?”

“ಸೀರಿ ಒಳಗಿರ್ತೈತಿ.”

“ಹಲ್ಲು?”

ಅವ್ವ ಸ್ವಲ್ಪ ಯೋಚಿಸಿದಳು. “ನಗೋ ದೃಶ್ಯದಾಗ ಸೆರಗು ಅಡ್ಡ ಹಿಡಿತೀನಿ. ನಾಚಿಗಿ ಅಂತ ತಿಳ್ಕೊಂತಾರ.”

ನಾನು ಬೇಡವೆಂದೆ. ಹ್ಯಾಂಡ್‌ಬಿಲ್ಲಿನಲ್ಲಿ ನನ್ನ ಫೋಟೋ ಇದೆ, ಮಂದಿ ಕಲ್ಲು ಹೊಡೆಯುತ್ತಾರೆ ಎಂದೆ. ಅವಳು ಬೆಳ್ಳುಳ್ಳಿಯ ಸಿಪ್ಪೆ ಊದಿ, “ನೀ ಹೋಗಿ ನಿನ್ನ ಇಂಗ್ಲೀಷ್ ಓದು” ಎಂದಷ್ಟೇ ಹೇಳಿದಳು.

ಅವರಿಬ್ಬರೂ ಮಧ್ಯಾಹ್ನದ ಬಸ್ಸಿಗೆ ಹೋದರು. ನಾನು ಓದಿದೆ, ಊಟ ಮಾಡಿದೆ, ಮಲಗಿದೆ. ನಾಟಕವಿರುವ ದಿನ ಮನೆಯಲ್ಲಿ ಹಾಸಿಗೆಯ ಮೇಲೆ ಮಲಗಿದ್ದು ಅದೇ ಮೊದಲು. ಬೆಳಗ್ಗೆ ಸ್ನಾನ ಮಾಡಿ ಪರೀಕ್ಷೆಗೆ ಹೋದೆ. ಪ್ರಶ್ನೆಗಳು ಕಷ್ಟವಿದ್ದವು, ಆದರೆ ಕಣ್ಣು ತೆರೆದಿದ್ದವು. ಬಾರದ ಕಡೆ ಬಿಟ್ಟೆ, ಬಂದಷ್ಟನ್ನು ದುಂಡಗೆ ಬರೆದೆ. ಮೆಟ್ರಿಯಲ್ಲಿ ಏನಾಗಿರಬಹುದು ಎಂಬ ಯೋಚನೆ ಬಂದಾಗಲೆಲ್ಲ ಪೆನ್ನನ್ನು ಇನ್ನೂ ಬಿಗಿಯಾಗಿ ಹಿಡಿದೆ.

ಹೊರಗೆ ಬಂದರೆ ಗೇಟಿನ ಹತ್ತಿರ ಇಬ್ಬರೂ ನಿಂತಿದ್ದರು. ಮಾವನ ಕಾಲ ಬಳಿ ಪೇಟಿ. ಅವ್ವನ ಹಣೆಯ ಅಂಚಿನಲ್ಲಿ, ಕೂದಲು ಶುರುವಾಗುವ ಕಡೆ, ಗುಲಾಬಿ ಬಣ್ಣ ಹಾಗೇ ಇತ್ತು. ಅರವತ್ತು ದಾಟಿದ ಮುಖ. ಕಣ್ಣಿಗೆ ಕಾಡಿಗೆ.

“ಬರದಿ?” ಎಂದಳು.

“ಬರದೆ. ನೀ ಮಾಡಿದಿ?”

“ಹೂಂ. ಹಸಿವಾಗೇತಿ.”

ಎದುರಿನ ಹೋಟೆಲಿನಲ್ಲಿ ಒಗ್ಗರಣೆ ಮಂಡಕ್ಕಿ, ಮಿರ್ಚಿ ಹೇಳಿದೆವು. ಅವ್ವ ತಲೆ ತಗ್ಗಿಸಿ ತಿನ್ನತೊಡಗಿದಳು. ಹೇಳಿದ್ದೆಲ್ಲ ಮಾವ.

“ಬಸ್ ಇಳಿದ್ವಿ. ಹುಡುಗರು ಹಾರ ಹಿಡ್ಕೊಂಡು ನಿಂತಾರ, ಫೋಟೋ ತಗ್ಯಾಕ ಮೊಬೈಲ್ ಎತ್ಯಾರ. ನಿಮ್ಮವ್ವ ಇಳಿದ್ಲು. ಮೊಬೈಲ್ ಎಲ್ಲಾ ಕೆಳಗ ಬಂದ್ವು. ‘ಮೇಡಂ ಎಲ್ಲ್ಯದಾರ್ರಿ?’ ಅಂದ ಹೀರೋ. ‘ಪರೀಕ್ಷೆ ಐತಿ, ಬರಂಗಿಲ್ಲ’ ಅಂದ್ಲು. ‘ಮತ್ತ ಪಾತ್ರ?’ ‘ನಾ ಮಾಡ್ತೀನಿ.’ ಆ ಹುಡುಗ ನನ್ನ ಮುಖ ನೋಡ್ದ. ನಾ ಏನ್ ಹೇಳ್ಲಿ? ಪೇಟಿ ಹೊರಾಕ ಯಾರರ ಬರ್ರೆಪಾ ಅಂದೆ.”

“ಬೈದ್ರೇನು?” ಎಂದೆ.

“ಬಿಡ್ತಾರೇನು? ವೀಳ್ಯ ವಾಪಸ್ ಇಡ್ರಿ ಅಂದ ಒಬ್ಬ. ಆಗ ಹೀರೋನ ಅಪ್ಪ ಎದ್ದ. ‘ಲೇ, ಇದs ನಾಟಕದಾಗ ನಾ ಹೀರೋ ಇದ್ದೆ, ಈಕಿ ನಾಯಕಿ ಇದ್ಲು. ನಾ ಎಲ್ಲಾ ಮರ್ತು ಕಂಬದ ಹಂಗ ನಿಂತಿದ್ದೆ. ನನ್ನ ಮಾತೂ ಈಕಿನs ಹೇಳಿ ಮರ್ಯಾದಿ ಉಳಿಸ್ಯಾಳ. ಕುಂದರ್ರಿ ಸುಮ್ನ’ ಅಂದ. ಎಲ್ಲಾರೂ ಕುಂತ್ರು.”

“ಆಮ್ಯಾಲೆ?”

ಮಾವ ಚಹಾದ ಬಟ್ಟಲು ಕೆಳಗಿಟ್ಟರು. “ಆಮ್ಯಾಲೆ ತೋಟದ ದೃಶ್ಯ ಬಂತು. ಹೀರೋ ನಾಯಕಿ ಕೈ ಹಿಡಿದು ‘ಪ್ರಿಯೆ’ ಅನ್ನಬೇಕು. ಹುಡುಗ ಪಾಪ ಕೈ ಹಿಡಿದ. ಮುಖ ನೋಡ್ದ. ‘ಅವ್ವಾ’ ಅಂದುಬಿಟ್ಟ.”

ನನ್ನ ಕೈಯಲ್ಲಿದ್ದ ಮಿರ್ಚಿ ಅಲ್ಲೇ ನಿಂತಿತು.

“ಊರಿಗೆ ಊರs ನಕ್ಕಿತು. ಸಿಳ್ಳೆ ಏನು, ಕೇಕೆ ಏನು. ಆ ಹುಡುಗನ ಕಣ್ಣಾಗ ನೀರು. ಇಲ್ಲಿಗೆ ನಾಟಕ ಮುಗೀತು ಅನ್ಕೊಂಡು, ಪೇಟಿ ಕಟ್ಟಾಕ ನಾ ಬಟ್ಟಿ ಹುಡುಕ್ತಿದ್ದೆ. ನಿಮ್ಮವ್ವ ಅವನ ಕೈ ಬಿಡಲಿಲ್ಲ ನೋಡು. ನಗು ಎಲ್ಲಾ ಮುಗಿಯೋತನಕ ಹಂಗs ನಿಂತ್ಲು. ಆಮ್ಯಾಲೆ ಮೆಲ್ಲಕ ಮೈಕಿನ ಕೆಳಗ ಹೋಗಿ ಅಂತಾಳ…”

“ಸಾಕು ಬಿಡೋ” ಎಂದಳು ಅವ್ವ.

“ನೀ ಸುಮ್ನಿರು. ಅಂತಾಳ: ‘ನನ್ನ ಕೈ ಹಿಡಿದ ಕೂಡಲೇ ನಿಮಗೆ ತಾಯಿಯ ನೆನಪಾಯಿತೇ? ಅವರಿಗೆ ತಿಳಿಸದೆ ನನ್ನನ್ನು ವರಿಸುವುದು ಬೇಡವೆನಿಸಿತೇ? ಇಂಥ ಮಗನನ್ನು ಹೆತ್ತವರನ್ನು ನಾನೂ ನೋಡಬೇಕು. ಮೊದಲು ಅವರ ಕಾಲಿಗೆ ಬೀಳೋಣ, ನಡೆಯಿರಿ.’ ಪುಸ್ತಕದಾಗ ಎಲ್ಲೈತಿ ಈ ಮಾತು? ಎಲ್ಲೂ ಇಲ್ಲ. ಒಬ್ರೂ ಮಿಸುಕಲಿಲ್ಲ. ಹೆಂಗಸರ ಕಡೆ ಮೂಗು ಒರಸ್ಕೊಳ್ಳೋ ಸಪ್ಪಳ ಕೇಳ್ತಿತ್ತು. ಆ ಹುಡುಗ ‘ಹೌದು ಪ್ರಿಯೆ’ ಅಂದ ನೋಡವ್ವ, ಅಲ್ಲಿಂದ ಒಂದು ಮಾತು ತಪ್ಪಲಿಲ್ಲ.”

“ಹಾಡು?”

“ಈಕಿ ದನಿ ಈಗ ಹತ್ತಂಗಿಲ್ಲ ಅಂತ ನಾ ಶ್ರುತಿ ಇಳಿಸಿಕೊಂಡು ಬಾರಿಸಿದೆ. ಮೊದಲನೇ ಹಾಡು ಮುಗೀತು. ಎರಡನೇದಕ್ಕ ನನ್ನ ಬಾಜೂಕ ಬಂದು, ಮಂದಿಗೆ ಬೆನ್ನು ತಿರುಗಿಸಿ, ‘ಯಾರ ಸತ್ತಾರಂತ ಇಳಿಸೀಯೋ? ಏರಿಸು’ ಅಂದ್ಲು.” ಮಾವ ಹೆಗಲ ಟವೆಲ್ಲಿನಿಂದ ಕಣ್ಣು ಒರೆಸಿಕೊಂಡರು. “ಏರಿಸಿದೆ. ಹತ್ತಿದ್ಲು.”

ನಾನು ಅವ್ವನ ನಾಟಕಗಳನ್ನು ಲೆಕ್ಕವಿಲ್ಲದಷ್ಟು ನೋಡಿದ್ದೇನೆ. ಅವಳ ಎಲ್ಲಕ್ಕಿಂತ ದೊಡ್ಡ ಪಾತ್ರದ ದಿನ ನಾನು ಮನೆಯಲ್ಲಿ ಹೊದ್ದು ಮಲಗಿದ್ದೆ. ಅವ್ವನ ತಟ್ಟೆಗೆ ನನ್ನ ಮಿರ್ಚಿ ಹಾಕಿದೆ. ಅವಳು ಅದನ್ನು ಹಲ್ಲಿರುವ ಕಡೆಯಿಂದ ಕಚ್ಚಿ ತಿಂದಳು. ಎಷ್ಟೋ ವರ್ಷಗಳ ಮೇಲೆ ಅವಳ ಮುಖದಲ್ಲಿ ಆ ಹೊಳಪು ಕಂಡೆ. ಮಲಗಲು ಸಿಕ್ಕರೆ ಸಾಕು ಎನ್ನುತ್ತಿದ್ದಳಲ್ಲ, ಆ ಮಾತನ್ನು ನಾನು ಯಾಕೆ ನಂಬಿದೆ ಎಂದುಕೊಂಡೆ.

ಫಲಿತಾಂಶ ಬಂತು. ಪಾಸಾದೆ. ಇಂಗ್ಲಿಷಿನಲ್ಲಿ ಬಂದ ಅಂಕ ಹೇಳಿಕೊಳ್ಳುವಂಥದ್ದಲ್ಲ, ಆದರೆ ಪಾಸು ಪಾಸೇ. ನಮ್ಮ ಮನೆತನದಲ್ಲಿ ಮೊದಲ ಡಿಗ್ರಿ. ಇದನ್ನು ನಾನು ನಾಚಿಕೆಯಿಲ್ಲದೆ ಎಲ್ಲರಿಗೂ ಹೇಳಿದ್ದೇನೆ, ಇಲ್ಲಿಯೂ ಬರೆಯುತ್ತಿದ್ದೇನೆ. ಸಂಡೂರಿನ ಹೆಡ್‌ಮಿಸ್‌ಗೆ ಫೋನ್ ಮಾಡಿದಾಗ ಅವರು, “ಜೂನ್‌ನಾಗ ಬಂದುಬಿಡ್ರಿ, ಮಕ್ಕಳು ಕೇಳ್ತಾನs ಅದಾರ” ಎಂದರು.

ಸರ್ಟಿಫಿಕೇಟ್ ತರಲು ಅವ್ವನನ್ನೂ ಕರೆದುಕೊಂಡು ಹೋಗಿದ್ದೆ. ಸಮಾರಂಭವೇನೂ ಇರಲಿಲ್ಲ. ಕಿಟಕಿಯ ಒಳಗಿನಿಂದ ಗುಮಾಸ್ತರು ಸಹಿ ಹಾಕಿಸಿಕೊಂಡು ಕೊಟ್ಟರು. ನಾನು ಹಾಗೇ ತಿರುಗಿ ಅವ್ವನ ಕೈಗೆ ಕೊಟ್ಟೆ. ಅವಳು ಎರಡೂ ಕೈಯನ್ನು ಸೀರೆಗೆ ಒರೆಸಿಕೊಂಡು ಹಿಡಿದಳು. ಬೆಳಕಿಗೆ ಓರೆ ಮಾಡಿ ಮುದ್ರೆ ನೋಡಿದಳು, ಹಿಂದೆ ತಿರುಗಿಸಿ ನೋಡಿದಳು.

“ಇದರ ಮ್ಯಾಲೆ ಇನ್ನೊಂದು ಐತಂತಲ್ಲ?” ಎಂದಳು.

“ಎಂ.ಎ. ಐತಿ.”

“ಅದನ್ನೂ ಕಟ್ಟು. ಪರೀಕ್ಷೆ ಯಾವಾಗಂತ ನಂಗ ಜಲ್ದಿ ಹೇಳು. ಮೆಟ್ರಿಯವರು ಮತ್ತ ಫೋನ್ ಮಾಡಿದ್ರು. ನಿನ್ನ ಕೇಳಲಿಲ್ಲವ್ವ, ನನ್ನ ಕೇಳಿದ್ರು.”